ಪ್ರಾಯೋಜಕರ ಕಣ್ಣು ತಪ್ಪಿಸಿದ ಕಥೆಗಾರ

(ಕಲಬುರಗಿಯಲ್ಲಿ ಮಾಧ್ಯಮ ವಿದ್ಯಾರ್ಥಿಗಳು ಮತ್ತು ರಂಗಾಸಕ್ತರ ಮುಂದೆ ಆಡಿದ ಮಾತುಗಳ ಬರಹ ರೂಪ)

ಮೊದಲಿಗೆ ಒಂದು ಪಟ್ಟಿ ಹೇಳುತ್ತೇನೆ, ಕೇಳಿ. ಬೆಂಕಿಪೆಟ್ಟಿಗೆ. ನ್ಯೂಯಾರ್ಕಿನ ಒಂದು ಎತ್ತರದ ಕಟ್ಟಡ. ಗ್ಯಾಸ್ ಎಂಬ ಮಾತು. ಕೋಕಾ-ಕೋಲಾ ಬಾಟಲಿ. 1950ರ ದಶಕದಲ್ಲಿ ಅಮೆರಿಕದ ಟಿವಿ ನಾಟಕಗಳಿಂದ ಇವನ್ನೆಲ್ಲ ತೆಗೆಸಿ ಹಾಕಿದ್ದರು.

ಕಾರಣ ಕೇಳಿದರೆ ನಗು ಬರುತ್ತದೆ. ಒಂದು ನಾಟಕದಲ್ಲಿ ಒಬ್ಬ ಇನ್ನೊಬ್ಬನಿಗೆ 'ಬೆಂಕಿಪೆಟ್ಟಿಗೆ ಇದೆಯಾ?' ಅಂತ ಕೇಳಬೇಕು. ಪ್ರಾಯೋಜಕರು ರಾನ್ಸನ್ ಲೈಟರಿನವರು. ಲೈಟರ್ ಮಾರುವವರ ದುಡ್ಡಿನಲ್ಲಿ ಕಡ್ಡಿ ಗೀರುವುದೆಂದರೇನು? ಮಾತು ಕಟ್. ಇನ್ನೊಂದರಲ್ಲಿ ಕಿಟಕಿಯಾಚೆ ನ್ಯೂಯಾರ್ಕ್ ನಗರ ಕಾಣಬೇಕು. ಅದರಲ್ಲಿ ಕ್ರೈಸ್ಲರ್ ಬಿಲ್ಡಿಂಗ್ ಇತ್ತು, ಕ್ರೈಸ್ಲರ್ ಅಂದರೆ ಒಂದು ಕಾರು ಕಂಪನಿಯ ಹೆಸರು. ದುಡ್ಡು ಹಾಕಿದವರು ಫೋರ್ಡ್ ಕಾರಿನವರು. ಬಣ್ಣ ಬಳಿದು ಕಟ್ಟಡವನ್ನೇ ಅಳಿಸಿದರು. ಈ ಎರಡನ್ನೂ ನಮ್ಮ ಇವತ್ತಿನ ಕಥಾನಾಯಕ ಎಲ್ಲ ಕಡೆ ಹೇಳಿಕೊಂಡು ತಿರುಗುತ್ತಿದ್ದ. ಗ್ಯಾಸಿನ ಪ್ರಸಂಗ ಬೇರೊಬ್ಬರ ನಾಟಕದ್ದು. ನಾಜಿಗಳ ವಿಚಾರಣೆಯ ಕಥೆ, ಪ್ರಾಯೋಜಿಸಿದ್ದು ಗ್ಯಾಸ್ ಕಂಪನಿಗಳ ಸಂಘ. ಲಕ್ಷಾಂತರ ಜನರನ್ನು ಕೊಂದ ಗ್ಯಾಸ್ ಕೋಣೆಗಳ ಮಾತು ಬಂದಾಗ 'ಗ್ಯಾಸ್' ಎಂಬಷ್ಟಕ್ಕೆ ಮಾತ್ರ ದನಿ ಬಂದ್ ಮಾಡಿದರು.

ಕೋಕಾ-ಕೋಲಾ ಬಾಟಲಿಯ ಕಥೆ ನಗುವಂಥದ್ದಲ್ಲ. ಅದಕ್ಕೆ ಆಮೇಲೆ ಬರುತ್ತೇನೆ.

ಈ ಕಥಾನಾಯಕನ ಹೆಸರು ರಾಡ್ ಸರ್ಲಿಂಗ್. 'ದಿ ಟ್ವಿಲೈಟ್ ಝೋನ್' ಎಂಬ ಟಿವಿ ಸರಣಿಯನ್ನು ಹುಟ್ಟುಹಾಕಿದವನು. ನಮ್ಮಲ್ಲಿ ಧಾರಾವಾಹಿ ಅಂದರೆ ಅದೇ ಮನೆ, ಅದೇ ಅತ್ತೆ ಸೊಸೆ, ಅಲ್ವಾ? ಇದು ಹಾಗಲ್ಲ. ವಾರಕ್ಕೊಂದು ಬೇರೆ ಕಥೆ, ಬೇರೆ ಪಾತ್ರ. 1959ರಿಂದ 1964ರವರೆಗೆ 156 ಕಂತು ಬಂದವು. ಅದರಲ್ಲಿ 92 ಕಂತುಗಳನ್ನು ಈತನೊಬ್ಬನೇ ಬರೆದ. ಮುಖ್ಯ ನಿರ್ಮಾಪಕನೂ ಇವನೇ. ಸೂಟು ಹಾಕಿಕೊಂಡು ಬಂದು ಕಥೆಗೆ ಮುನ್ನುಡಿ ಹೇಳುವವನೂ ಇವನೇ. ಇವತ್ತು ನೀವು ಮೊಬೈಲಿನಲ್ಲಿ ನೋಡುವ, ಕೊನೆಯಲ್ಲಿ ಎಲ್ಲ ಉಲ್ಟಾ ಹೊಡೆಯುವ ವೈಜ್ಞಾನಿಕ ಕಥೆಗಳಿದ್ದಾವಲ್ಲ, ಅವುಗಳಲ್ಲಿ ಬಹಳಷ್ಟು ಈತನ ಸಾಲ ತೀರಿಸಬೇಕು.

ನಾನು ಇವತ್ತು ಹೇಳಬೇಕೆಂದಿರುವುದು ಅವನ ಕಲ್ಪನೆಯ ಬಗ್ಗೆ ಅಷ್ಟಾಗಿ ಅಲ್ಲ. ಕಲ್ಪನೆ ಇರುವವರು ಬಹಳ ಜನ. ಬರಹಗಾರನಿಗೆ ತನ್ನ ಮಾತಿನ ಮೇಲೆ ಎಷ್ಟು ಹಿಡಿತ ಸಿಕ್ಕಿತು, ಅದನ್ನು ಹೇಗೆ ಪಡೆದ, ಮತ್ತೆ ಹೇಗೆ ಕಳೆದುಕೊಂಡ ಅನ್ನುವುದು ನನ್ನ ವಿಷಯ.

ಬದುಕಿನ ವಿವರ ಬೇಗ ಹೇಳಿ ಮುಗಿಸುತ್ತೇನೆ. ಹುಟ್ಟಿದ್ದು 1924ರ ಡಿಸೆಂಬರ್ 25, ನ್ಯೂಯಾರ್ಕ್ ರಾಜ್ಯದ ಸಿರಾಕ್ಯೂಸ್‌ನಲ್ಲಿ. ಬೆಳೆದದ್ದು ಬಿಂಗ್‌ಹ್ಯಾಮ್‌ಟನ್ ಎಂಬ ಸಣ್ಣ ಊರಲ್ಲಿ. ಯಹೂದಿ ಮನೆತನ, ಅಪ್ಪನದು ಅಂಗಡಿ ವ್ಯಾಪಾರ. ಹೈಸ್ಕೂಲು ಮುಗಿದದ್ದೇ ತಡ, ಸೈನ್ಯಕ್ಕೆ ಸೇರಿ ಪ್ಯಾರಾಟ್ರೂಪರ್ ಆದ, ಅಂದರೆ ವಿಮಾನದಿಂದ ಪ್ಯಾರಾಚೂಟಿನಲ್ಲಿ ಜಿಗಿಯುವ ಸೈನಿಕ. ಆಳು ಗಿಡ್ಡ, ಐದಡಿ ನಾಲ್ಕಿಂಚು. ಬಾಕ್ಸಿಂಗ್ ಆಡಿ ಮೂಗು ಮುರಿಸಿಕೊಂಡ. 1944ರ ಕೊನೆಗೆ ಫಿಲಿಪ್ಪೀನ್ಸಿನ ಲೇಟೆ ದ್ವೀಪದಲ್ಲಿ ಜಪಾನಿಯರ ವಿರುದ್ಧ ಹೋರಾಡಿದ.

ಅಲ್ಲಿ ನಡೆದ ಒಂದು ಘಟನೆ ಮಾತ್ರ ಬಿಡುವ ಹಾಗಿಲ್ಲ. ಕಾಡಿನಲ್ಲಿ ಸಿಕ್ಕಿಕೊಂಡಿದ್ದ ಸೈನಿಕರಿಗೆ ವಿಮಾನದಿಂದ ಊಟದ ಪೆಟ್ಟಿಗೆ ಕೆಳಗೆ ಹಾಕುತ್ತಿದ್ದರು. ಹಸಿದವರಿಗೆ ಊಟ ಬಂತು ಅಂತ ಖುಷಿ. ಸರ್ಲಿಂಗ್‌ನ ಗೆಳೆಯನೊಬ್ಬ ಎಲ್ಲರನ್ನೂ ನಗಿಸುತ್ತ ತಮಾಷೆ ಮಾಡುತ್ತಿದ್ದ. ಅಷ್ಟರಲ್ಲಿ ಅಂಥದೇ ಒಂದು ಪೆಟ್ಟಿಗೆ ಮೇಲೆ ಬಿದ್ದು ಅಲ್ಲೇ ಸತ್ತ. ಶತ್ರುವಿನ ಗುಂಡಲ್ಲ, ಅವರದೇ ಅನ್ನದ ಪೆಟ್ಟಿಗೆ. ಸರ್ಲಿಂಗ್ ಬರೆದ ಕಥೆಗಳಲ್ಲಿ ವಿಧಿ ಯಾಕೆ ಅಷ್ಟು ಕ್ರೂರವಾಗಿ ತಮಾಷೆ ಮಾಡುತ್ತದೆ ಅಂತ ಕೇಳುವವರಿಗೆ ನಾನು ಈ ಘಟನೆ ಹೇಳುತ್ತೇನೆ. ಮುಂದೆ 1960ರಲ್ಲಿ ಅದೇ ಫಿಲಿಪ್ಪೀನ್ಸ್ ಯುದ್ಧದ ಮೇಲೆ ಒಂದು ಕಂತು ಬರೆದ. ಅದರಲ್ಲಿ ಒಬ್ಬ ಲೆಫ್ಟಿನೆಂಟ್‌ಗೆ, ಇವತ್ತು ಸಾಯುವವರ ಮುಖದ ಮೇಲೆ ಒಂದು ವಿಚಿತ್ರ ಬೆಳಕು ಕಾಣುತ್ತದೆ. ಒಂದು ದಿನ ಕನ್ನಡಿಯಲ್ಲಿ ತನ್ನ ಮುಖ ನೋಡಿಕೊಳ್ಳುತ್ತಾನೆ. ಮುಂದಿನದು ನೀವೇ ಊಹಿಸಿ.

ಯುದ್ಧ ಮುಗಿದ ಮೇಲೆ ಒಹಾಯೊದ ಆಂಟಿಯಾಕ್ ಕಾಲೇಜು. ಮಾಜಿ ಸೈನಿಕರಿಗೆ ಸರ್ಕಾರ ಓದಿಸುತ್ತಿತ್ತು. ಕೈಖರ್ಚಿಗೆ ಸೈನ್ಯದ ಹೊಸ ಪ್ಯಾರಾಚೂಟುಗಳನ್ನು ಪರೀಕ್ಷೆ ಮಾಡಲು ಜಿಗಿಯುತ್ತಿದ್ದ. ಒಂದು ಜಿಗಿತಕ್ಕೆ 50 ಡಾಲರ್. ಜಿಗಿದು ಬದುಕಿದರೆ ಅಂತ ಇಟ್ಟುಕೊಳ್ಳಿ. ಆಮೇಲೆ ಸಿನ್ಸಿನಾಟಿಯ ರೇಡಿಯೊದಲ್ಲಿ ಕೆಲಸ. ಹಗಲು ಸ್ಟೇಷನ್ನಿಗೆ ಬೇಕಾದ್ದು ಬರೆಯುವುದು, ರಾತ್ರಿ ಮನೆಯಲ್ಲಿ ತನಗೆ ಬೇಕಾದ್ದು ಬರೆಯುವುದು. ಕಳಿಸಿದ್ದೆಲ್ಲ ಸಾಲಾಗಿ ವಾಪಸ್. ಕೊನೆಗೆ ನೌಕರಿ ಬಿಟ್ಟು ಟಿವಿಗೆ ಬರೆಯುವುದನ್ನೇ ಹೊಟ್ಟೆಪಾಡು ಮಾಡಿಕೊಂಡ.

ಇಲ್ಲಿ ರಂಗಭೂಮಿಯವರು ಇದ್ದೀರಿ, ನಿಮಗೆ ಇದು ಇಷ್ಟವಾಗಬಹುದು. ಆಗಿನ ಟಿವಿ ನಾಟಕ ಅಂದರೆ ನೇರ ಪ್ರಸಾರ. ಸ್ಟುಡಿಯೊದಲ್ಲಿ ನಟರು ಆಡುತ್ತಿದ್ದಂತೆಯೇ ಮನೆಗಳಲ್ಲಿ ಕಾಣುತ್ತಿತ್ತು. ಮಾತು ಮರೆತರೆ ಮರೆತದ್ದೇ. ಬಾಗಿಲು ತೆರೆಯದಿದ್ದರೆ ಇಡೀ ದೇಶ ನೋಡುತ್ತಿತ್ತು. ರೆಕಾರ್ಡ್ ಮಾಡುವ ವಿಡಿಯೊ ಟೇಪು ಇನ್ನೂ ಬಂದಿರಲಿಲ್ಲ. 1955ರ ಜನವರಿ 12ರಂದು ಸರ್ಲಿಂಗ್ ಬರೆದ 'ಪ್ಯಾಟರ್ನ್ಸ್' ಪ್ರಸಾರವಾಯಿತು. ದೊಡ್ಡ ಕಂಪನಿಯಲ್ಲಿ ವಯಸ್ಸಾದ ಅಧಿಕಾರಿಯೊಬ್ಬನನ್ನು ಹಿಂಸೆ ಕೊಟ್ಟು ಹೊರಗೆ ಹಾಕುವ ಕಥೆ. ಬೆಳಗಾಗುವುದರೊಳಗೆ ಅವನ ಹೆಸರು ಮನೆಮಾತು. ಜನ ಇನ್ನೊಮ್ಮೆ ತೋರಿಸಿ ಅಂದರು. ತೋರಿಸುವುದು ಹೇಗೆ? ಫೆಬ್ರುವರಿ 9ರಂದು ಅದೇ ನಟರನ್ನು ಕರೆಸಿ ಇಡೀ ನಾಟಕವನ್ನು ಮತ್ತೆ ನೇರವಾಗಿ ಆಡಿಸಿದರು. ನಮ್ಮ ಕಂಪನಿ ನಾಟಕದಲ್ಲಿ 'ಒನ್ಸ್ ಮೋರ್' ಅಂತ ಕೂಗುತ್ತಿದ್ದರಲ್ಲ, ಹಾಗೆ ಇಡೀ ದೇಶ ಕೂಗಿತ್ತು. ಎಲ್ಲರೂ ಇದು ರಾತ್ರೋರಾತ್ರಿ ಬಂದ ಹೆಸರು ಅಂದರು. ಅದಕ್ಕೆ ಮುಂಚೆ ಅವನು ಬರೆದ 71 ಸ್ಕ್ರಿಪ್ಟು ಯಾರ ಲೆಕ್ಕಕ್ಕೂ ಬರಲಿಲ್ಲ.

ಮರುವರ್ಷ ಮುದಿ ಬಾಕ್ಸರ್‌ನ ಮೇಲೊಂದು ನಾಟಕ ಬರೆದ, ಅದೂ ಗೆದ್ದಿತು. ಅಮೆರಿಕದ ಟಿವಿಯವರಿಗೆ ಕೊಡುವ ಎಮ್ಮಿ ಪ್ರಶಸ್ತಿ ಒಟ್ಟು ಆರು ಅವನ ಪಾಲಿಗೆ ಬಂದವು. ಈಗ ಕೋಕಾ-ಕೋಲಾ ಬಾಟಲಿಗೆ ಬರೋಣ.

1955ರ ಆಗಸ್ಟ್. ಶಿಕಾಗೊದ 14 ವರ್ಷದ ಕಪ್ಪು ಹುಡುಗ ಎಮೆಟ್ ಟಿಲ್ ರಜೆಗೆ ಅಮೆರಿಕದ ದಕ್ಷಿಣ ಭಾಗದ ಮಿಸಿಸಿಪಿ ರಾಜ್ಯದ ನೆಂಟರ ಮನೆಗೆ ಬಂದಿದ್ದ. ಅಂಗಡಿಯಲ್ಲಿದ್ದ ಬಿಳಿ ಹೆಂಗಸಿನ ಜೊತೆ ಅಧಿಕಪ್ರಸಂಗ ಮಾಡಿದ ಅನ್ನುವ ಆರೋಪ. ರಾತ್ರಿ ಮನೆಗೆ ನುಗ್ಗಿ ಎತ್ತಿಕೊಂಡು ಹೋದರು. ಹೊಡೆದು ಕೊಂದು ಹೊಳೆಗೆ ಎಸೆದರು. ಇಬ್ಬರು ಬಿಳಿಯರ ಮೇಲೆ ಕೇಸಾಯಿತು. ತೀರ್ಪು ಹೇಳಲು ಊರಿನವರನ್ನೇ ಕೂರಿಸಿದ ಜ್ಯೂರಿಯಲ್ಲಿ ಎಲ್ಲರೂ ಬಿಳಿಯರು. ಹೆಚ್ಚು ಕಡಿಮೆ ಒಂದು ಗಂಟೆಯಲ್ಲಿ ನಿರ್ದೋಷಿಗಳು ಅಂತ ಬಿಟ್ಟರು. ಕೆಲವೇ ತಿಂಗಳಲ್ಲಿ ಆ ಇಬ್ಬರೂ ಪತ್ರಿಕೆಯೊಂದಕ್ಕೆ ಹೌದು, ನಾವೇ ಕೊಂದೆವು ಅಂತ ಹೇಳಿಕೊಂಡರು.

ಸರ್ಲಿಂಗ್‌ಗೆ ಕೊಂದವರಿಗಿಂತ ಊರು ಕಾಡಿತು. ಎಲ್ಲರಿಗೂ ಗೊತ್ತಿದ್ದೂ ಇಡೀ ಊರು ಒಗ್ಗಟ್ಟಾಗಿ ತನ್ನವರನ್ನು ಕಾಪಾಡಿಕೊಂಡಿತಲ್ಲ, ಅದರ ಬಗ್ಗೆ ನಾಟಕ ಬರೆದ. ಕಪ್ಪು ಹುಡುಗನನ್ನು ಹಾಗೇ ಇಟ್ಟರೆ ಟಿವಿಯವರು ಮುಟ್ಟುವುದಿಲ್ಲ ಅಂತ ಅವನಿಗೆ ಗೊತ್ತಿತ್ತು. ಅದಕ್ಕೆ ಸತ್ತವನನ್ನು ದಕ್ಷಿಣದ ಊರಿನ ಒಬ್ಬ ಮುದುಕ ಯಹೂದಿ ಮಾಡಿದ. ಸುದ್ದಿ ಹೊರಗೆ ಬಂತು, ಇದು ಟಿಲ್ ಕಥೆಯಂತೆ ಅಂತ. ದಕ್ಷಿಣದ ಬಿಳಿಯರ ಸಂಘಟನೆಗಳು ಬಹಿಷ್ಕಾರದ ಬೆದರಿಕೆ ಹಾಕಿದವು. ಪ್ರಾಯೋಜಕರು ಉಕ್ಕಿನ ಕಂಪನಿ. ಬಹಿಷ್ಕಾರ ಅಂದರೆ ದಕ್ಷಿಣದವರೆಲ್ಲ ಇನ್ನು ಮೇಲೆ ಅಲ್ಯೂಮಿನಿಯಂನಲ್ಲಿ ಕಟ್ಟಡ ಕಟ್ಟುತ್ತಾರಾ ಅಂತ ಸರ್ಲಿಂಗ್ ಕೇಳಿದ್ದ. ಯಾರೂ ನಗಲಿಲ್ಲ. ತಿದ್ದುಪಡಿ ಶುರುವಾಯಿತು. ಕಥೆ ದಕ್ಷಿಣದಿಂದ ಎತ್ತಂಗಡಿಯಾಗಿ ಉತ್ತರದ ನ್ಯೂ ಇಂಗ್ಲೆಂಡಿಗೆ ಹೋಯಿತು. ಯಹೂದಿ ಮುದುಕ ಯಾರೋ ಒಬ್ಬ ಪರದೇಶಿ ಆದ. ಕೊನೆಗೆ ಸೆಟ್ಟಿನಲ್ಲಿದ್ದ ಕೋಕಾ-ಕೋಲಾ ಬಾಟಲಿಗಳನ್ನೂ ತೆಗೆದರು. ಆ ಬಾಟಲಿ ನೋಡಿದರೆ ದಕ್ಷಿಣ ನೆನಪಾಗುತ್ತದಂತೆ!

1956ರ ಏಪ್ರಿಲ್‌ನಲ್ಲಿ ಪ್ರಸಾರವಾದ ನಾಟಕದಲ್ಲಿ ಯಾರು ಸತ್ತರು, ಯಾಕೆ ಸತ್ತರು ಅನ್ನುವುದೇ ತಿಳಿಯದಂತಾಗಿತ್ತು. ಎರಡು ವರ್ಷ ಬಿಟ್ಟು ಮತ್ತೆ ಅದೇ ವಿಷಯ ಹಿಡಿದ, ಛಲ ನೋಡಿ. ಈ ಸಲ ಕಥೆಯನ್ನು ಹಿಂದಿನ ಶತಮಾನಕ್ಕೆ ತಳ್ಳಿದರು, ಸತ್ತವನನ್ನು ಮೆಕ್ಸಿಕನ್ ಮಾಡಿದರು. ಈ ನಡುವೆ ಅಮೆರಿಕದ ಸಂಸತ್ತಿನ ಮೇಲ್ಮನೆ ಸೆನೆಟ್ ಮೇಲೊಂದು ನಾಟಕ ಬರೆದಿದ್ದ. ಅದರಲ್ಲಿ ಸೆನೆಟರುಗಳು ಆ ಕಾಲದ ಯಾವ ವಿಷಯವನ್ನೂ ಮಾತಾಡಬಾರದು ಅಂದರು. ಸೆನೆಟರು ಮತ್ತೇನು ಹವಾಮಾನ ಮಾತಾಡಬೇಕಾ? ಆಗ ಅವನಿಗೆ ಹೊಳೆದದ್ದನ್ನು ಬರೆದಿಟ್ಟಿದ್ದಾನೆ. ಇದನ್ನೇ 2057ನೇ ಇಸವಿಗೆ ಒಯ್ದು, ಸೆನೆಟರುಗಳ ಜಾಗದಲ್ಲಿ ರೋಬೋಟುಗಳನ್ನು ಕೂರಿಸಿ ವೈಜ್ಞಾನಿಕ ಕಥೆ ಮಾಡಿದ್ದರೆ ಇದಕ್ಕಿಂತ ಪ್ರಬುದ್ಧ ನಾಟಕ ಆಗುತ್ತಿತ್ತೇನೋ ಅಂತ.

ಸ್ವಲ್ಪ ದಾರಿ ಬಿಟ್ಟು ನಮ್ಮ ಜಿಲ್ಲೆಗೆ ಬರುತ್ತೇನೆ. ನಮ್ಮಲ್ಲಿ ಟಿವಿ ಬಂದ ಕಥೆಯೇ ಒಂದು ವೈಜ್ಞಾನಿಕ ಕಥೆ. ಬೆಂಗಳೂರಿಗೆ ದೂರದರ್ಶನ ಬಂದದ್ದು 1981ರಲ್ಲಿ. ಆಗಿನ ಗುಲ್ಬರ್ಗ, ರಾಯಚೂರು, ಬಿಜಾಪುರ ಜಿಲ್ಲೆಗಳ ಹಳ್ಳಿಗಳಿಗೆ ಬಂದದ್ದು 1975ರ ಆಗಸ್ಟ್ 1ಕ್ಕೆ. ಇವತ್ತಿನ ಯಾದಗಿರಿ ಆಗ ನಮ್ಮ ಜಿಲ್ಲೆಯೊಳಗೇ ಇತ್ತು. ಸೈಟ್ ಎಂಬ ಪ್ರಯೋಗ ಅದು. ನಾಸಾದ ಎಟಿಎಸ್-6 ಉಪಗ್ರಹ ಸುಮಾರು 36,000 ಕಿಲೋಮೀಟರ್ ಎತ್ತರದಿಂದ ನೇರವಾಗಿ ಹಳ್ಳಿಗೆ ಚಿತ್ರ ಕಳಿಸುತ್ತಿತ್ತು. ಹಿಡಿಯಲು ಕೋಳಿಗೂಡಿಗೆ ಬಳಸುವಂಥ ತಂತಿ ಜಾಲರಿಯಿಂದ ಮಾಡಿದ, ಹತ್ತಡಿ ಅಗಲದ ಛತ್ರಿ. ಸಾಲಿಯಲ್ಲೋ ಪಂಚಾಯ್ತಿಯಲ್ಲೋ ಒಂದು ಟಿವಿ ಪೆಟ್ಟಿಗೆ. ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಲ್ಲಿ ಒಂದು ವರ್ಷ ಇದು ನಡೆಯಿತು. ಇದರಲ್ಲಿ ಒಂದು ಮಜಾ ಇದೆ. ಇಂಥ ಉಪಗ್ರಹದ ಕಲ್ಪನೆಯನ್ನು 1945ರಲ್ಲೇ ಬರೆದಿದ್ದ ವೈಜ್ಞಾನಿಕ ಕಥೆಗಾರ ಆರ್ಥರ್ ಸಿ. ಕ್ಲಾರ್ಕ್ ಆಗ ಕೊಲಂಬೊದಲ್ಲಿದ್ದ. ಅವನ ಮನೆಗೂ ಇಸ್ರೋದವರು ಒಂದು ಆಂಟೆನಾ ಹಾಕಿಕೊಟ್ಟಿದ್ದರು. ಅಂದರೆ ಕ್ಲಾರ್ಕ್ ಮತ್ತು ನಮ್ಮ ಹಳ್ಳಿಯ ಜನ ಒಂದೇ ಉಪಗ್ರಹದ ಟಿವಿ ನೋಡಿದವರು!

ಇದನ್ನು ಯಾಕೆ ಹೇಳಿದೆ ಅಂದರೆ, ಆ ಟಿವಿಯಲ್ಲಿ ಜಾಹೀರಾತು ಇರಲಿಲ್ಲ. ಪ್ರಾಯೋಜಕ ಇರಲಿಲ್ಲ. ಹಾಗಂತ ಬರೆಯುವವರು ಏನು ಬೇಕಾದರೂ ಬರೆಯಬಹುದಿತ್ತಾ? ಯಜಮಾನ ಸರ್ಕಾರ, ಮೇಲಾಗಿ ತುರ್ತು ಪರಿಸ್ಥಿತಿಯ ಕಾಲ. ಸರ್ಲಿಂಗ್‌ಗೆ ಕಂಪನಿ ಇತ್ತು, ನಮ್ಮವರಿಗೆ ಕಡತ ಇತ್ತು. ಎರಡರಲ್ಲಿ ಯಾವುದು ವಾಸಿ ಅಂತ ನನ್ನನ್ನು ಕೇಳಬೇಡಿ.

ಎರಡನ್ನೂ ಸ್ವಲ್ಪ ಸ್ವಲ್ಪ ಕಂಡವನು ನಾನು. ಒಮ್ಮೆ ಬೀಜದ ಕಂಪನಿಯೊಂದರ ಪ್ರಾಯೋಜಿತ ರೇಡಿಯೊ ಕಾರ್ಯಕ್ರಮಕ್ಕೆ ರೂಪಕ ಬರೆದಿದ್ದೆ. ಅದರಲ್ಲಿ ರೈತನೊಬ್ಬ 'ಈ ಸಲ ತೊಗರಿಗಿ ನೆಟಿ ರೋಗ ಬಂದದ' ಅನ್ನುತ್ತಾನೆ. ಕಂಪನಿಯವರು ಬೇಡ ಅಂದರು. ರೋಗ ಅಂದರೆ ಜನ ಬೀಜದ ಮೇಲೆ ಅನುಮಾನ ಪಡುತ್ತಾರಂತೆ. ಕೊನೆಗೆ ಅವನ ಬಾಯಲ್ಲಿ 'ಈ ಸಲ ಮಳಿ ಕೈ ಕೊಟ್ಟದ' ಅಂತ ಹಾಕಿಸಿದರು. ಮಳೆಯನ್ನು ಬೈದರೆ ಯಾರಿಗೂ ಸಿಟ್ಟು ಬರುವುದಿಲ್ಲ ನೋಡಿ. ಹೀಗಾಗಿ ಸರ್ಲಿಂಗ್ ಕಥೆ ನನಗೆ ಏಳು ಸಮುದ್ರದಾಚೆಯದು ಅಂತ ಅನಿಸಲೇ ಇಲ್ಲ.

ಸರಿ, ಮತ್ತೆ ಅಮೆರಿಕಕ್ಕೆ. ಸರ್ಲಿಂಗ್ ಬಳಿ ಕಾಲದಲ್ಲಿ ಹಿಂದೆ ಹೋಗುವ ಮನುಷ್ಯನ ಒಂದು ಕಥೆ ಇತ್ತು. 1941ರಲ್ಲಿ ಅಮೆರಿಕದ ನೌಕಾನೆಲೆ ಪರ್ಲ್ ಹಾರ್ಬರ್ ಮೇಲೆ ಜಪಾನ್ ಮಾಡಿದ ದಾಳಿಯ ಹಿಂದಿನ ದಿನಕ್ಕೆ ಹೋಗಿಬಿಡುತ್ತಾನೆ, ದಾಳಿ ಆಗುತ್ತದೆ ಅಂತ ಬಡಕೊಂಡರೂ ಯಾರೂ ನಂಬುವುದಿಲ್ಲ. ಸಿಬಿಎಸ್ ಚಾನೆಲ್ ಅದನ್ನು ಕೊಂಡು ಮೂಲೆಗೆ ಹಾಕಿತ್ತು. ಇನ್ನೊಂದು ಕಾರ್ಯಕ್ರಮದ ನಿರ್ಮಾಪಕ ಅದನ್ನು ಹುಡುಕಿ ತೆಗೆದು 1958ರ ನವೆಂಬರ್‌ನಲ್ಲಿ ಪ್ರಸಾರ ಮಾಡಿಸಿದ. ಆರು ಸಾವಿರಕ್ಕೂ ಮೇಲೆ ಕಾಗದ ಬಂದವು. ಸಿಬಿಎಸ್‌ನವರು ಎಚ್ಚೆತ್ತು ಒಂದು ಸರಣಿ ಮಾಡು ಅಂದರು. 'ಟ್ವಿಲೈಟ್ ಝೋನ್' ಹುಟ್ಟಿದ್ದು ಹಾಗೆ.

1959ರ ಸೆಪ್ಟೆಂಬರ್‌ನಲ್ಲಿ, ಸರಣಿ ಶುರುವಾಗುವ ಕೆಲವೇ ದಿನ ಮೊದಲು, ಮೈಕ್ ವಾಲೇಸ್ ಎಂಬ ಪತ್ರಕರ್ತ ಅವನ ಸಂದರ್ಶನ ಮಾಡಿದ. ಅಂದರೆ ಇನ್ನು ಟಿವಿಗೆ ಮಹತ್ವದ್ದೇನನ್ನೂ ಬರೆಯುವುದಿಲ್ಲ ಅಂತ ತೀರ್ಮಾನಿಸಿದಿರಿ, ಅಲ್ವಾ ಅಂತ ಕೇಳಿದ. ದೊಡ್ಡ ನಾಟಕಕಾರ ದೆವ್ವ, ರಾಕೆಟ್ಟು ಬರೆಯುತ್ತಾನೆ ಅಂತ ಕನಿಕರ. ಸರ್ಲಿಂಗ್ ಎದುರು ಮಾತಾಡಲಿಲ್ಲ. ಪ್ರಾಯೋಜಕರ ಜೊತೆ ಜಗಳ ಸಾಕಾಗಿದೆ, ಇನ್ನು ಆ ಗೋಜಿಗೆ ಹೋಗುವುದಿಲ್ಲ ಎಂಬ ಧಾಟಿಯಲ್ಲಿ ಉತ್ತರ ಕೊಟ್ಟ. ಆ ಸಂದರ್ಶನ ಈಗ ನೋಡಿದರೆ ಎಂಥ ನಟ ಅನಿಸುತ್ತದೆ.

ಅವನು ಎರಡು ಕೆಲಸ ಮಾಡಿದ್ದ. ಒಂದು ಎಲ್ಲರಿಗೂ ಗೊತ್ತು. ಹೇಳಬೇಕಾದ್ದನ್ನು ಅನ್ಯಗ್ರಹದವರ ಬಾಯಲ್ಲಿ ಹಾಕಿದ. ಇದು ನಮ್ಮ ಭಾಗದವರಿಗೆ ಹೊಸದೇನಲ್ಲ. ಅಲ್ಲಮನ ಬೆಡಗಿನ ವಚನ ಕೇಳಿದವರು ನಾವು, ಕಡಕೋಳ ಮಡಿವಾಳಪ್ಪನ ತತ್ವಪದ ಹಾಡುವವರು ನಾವು. ಮೇಲೆ ಒಂದು, ಒಳಗೆ ಇನ್ನೊಂದು. ಎರಡನೆಯ ಕೆಲಸವನ್ನು ಜಾಸ್ತಿ ಜನ ಗಮನಿಸುವುದಿಲ್ಲ. ಕಯೂಗ ಪ್ರೊಡಕ್ಷನ್ಸ್ ಅಂತ ಸ್ವಂತ ಕಂಪನಿ ಮಾಡಿದ. ಬೇಸಿಗೆಗೆ ಹೋಗುತ್ತಿದ್ದ ಕೆರೆಯ ಹೆಸರು ಅದು. ಬರೆದ ಮಾತನ್ನು ಇನ್ನೊಬ್ಬ ಕಿತ್ತು ಹಾಕಬೇಕಾದರೆ ಈಗ ಇವನನ್ನೇ ಕೇಳಬೇಕು. ವೇಷ ಹಾಕಿದರಷ್ಟೇ ಸಾಲದು, ಕೀಲಿಕೈ ಕೂಡ ಬೇಕು ಅಂತ ಅವನಿಗೆ ತಿಳಿದಿತ್ತು.

ಮೊದಲ ಕಂತು 1959ರ ಅಕ್ಟೋಬರ್ 2, ಶುಕ್ರವಾರ ರಾತ್ರಿ. ಕಥೆ ಹೇಳುವವನ ಜಾಗಕ್ಕೆ ದೊಡ್ಡ ದನಿಯವರನ್ನು ಹುಡುಕಿದ್ದರು, ಹೆಸರಾಂತ ನಟ ಆರ್ಸನ್ ವೆಲ್ಸ್ ಹೆಸರೂ ಬಂದಿತ್ತು, ಆದರೆ ದುಬಾರಿ. ಕೊನೆಗೆ ಇವನೇ ಮಾತಾಡಿದ. ಮೊದಲ ವರ್ಷ ಮುನ್ನುಡಿಗೆ ಬರೀ ದನಿ, ಆಮೇಲೆ ಆಳೂ ಕಾಣಿಸಿಕೊಂಡ. ಬರೆಯುವ ಕ್ರಮವೂ ವಿಚಿತ್ರ. ಟೈಪ್ ಮಾಡುತ್ತಿರಲಿಲ್ಲ. ಎಲ್ಲ ಪಾತ್ರಗಳ ಮಾತನ್ನೂ ತಾನೇ ಆಡಿ ಡಿಕ್ಟೇಷನ್ ಯಂತ್ರಕ್ಕೆ ಹೇಳುತ್ತಿದ್ದ, ಸೆಕ್ರೆಟರಿ ಟೈಪ್ ಮಾಡುತ್ತಿದ್ದಳು. ಅವನ ಪಾತ್ರಗಳು ಕೆಲವೊಮ್ಮೆ ಎಲ್ಲರೂ ಒಂದೇ ಥರ ಭಾಷಣ ಬಿಗಿಯುವುದಕ್ಕೆ ಇದೇ ಕಾರಣ ಅಂತ ನನ್ನ ಗುಮಾನಿ. ರಿಚರ್ಡ್ ಮ್ಯಾಥೆಸನ್, ಚಾರ್ಲ್ಸ್ ಬೋಮಾಂಟ್ ಅಂತ ಇನ್ನಿಬ್ಬರು ಬರೆಯುತ್ತಿದ್ದರು. ಭಯ ಹುಟ್ಟಿಸುವುದರಲ್ಲಿ ಅವರು ಇವನಿಗಿಂತ ಒಂದು ಕೈ ಮೇಲು.

ರೇಡಿಯೊ, ನಾಟಕ ಮಾಡುವವರಿಗೆ ಒಂದು ಕಂತಿನ ವಿಷಯ ಹೇಳಲೇಬೇಕು. 1960ರ ನವೆಂಬರ್‌ನಲ್ಲಿ ಬಂದ 'ಐ ಆಫ್ ದಿ ಬಿಹೋಲ್ಡರ್'. ಆಸ್ಪತ್ರೆಯ ಹಾಸಿಗೆ ಮೇಲೆ ಮುಖ ತುಂಬ ಬ್ಯಾಂಡೇಜ್ ಸುತ್ತಿದ ಹೆಂಗಸು. ಕುರೂಪಿ, ಕೊನೆಯ ಆಪರೇಷನ್ ಆಗಿದೆ. ಡಾಕ್ಟರು, ನರ್ಸು ಎಲ್ಲರೂ ಇದ್ದಾರೆ, ಆದರೆ ಯಾರ ಮುಖವೂ ಕಾಣದಂತೆ ನೆರಳಲ್ಲಿ ಕ್ಯಾಮೆರಾ ಓಡಾಡುತ್ತದೆ. ಕೊನೆಗೆ ಬ್ಯಾಂಡೇಜ್ ಬಿಚ್ಚುತ್ತಾರೆ. ಚೆಂದುಳ್ಳಿ ಚೆಲುವೆ. ಡಾಕ್ಟರು ಅಯ್ಯೋ ಏನೂ ಬದಲಾಗಿಲ್ಲ ಅಂತ ಹೌಹಾರುತ್ತಾನೆ. ಆಗ ಬೆಳಕಿಗೆ ಬರುತ್ತವೆ ಅವರ ಮುಖಗಳು, ಹಂದಿಯ ಮೂತಿ, ಸೊಟ್ಟ ತುಟಿ. ಮುಖ ಕಾಣದ್ದರಿಂದ ಇಡೀ ಕಂತು ನಿಂತಿರುವುದು ದನಿಯ ಮೇಲೆ. ಹಾಗಾಗಿ ನಿರ್ದೇಶಕ ಡಗ್ಲಸ್ ಹೇಯ್ಸ್ ನಟರನ್ನು ಆರಿಸುವಾಗ ಅವರ ಕಡೆ ಬೆನ್ನು ತಿರುಗಿಸಿ ಕೂತ, ದನಿ ಮಾತ್ರ ಕೇಳಿದ. ಬ್ಯಾಂಡೇಜಿನೊಳಗೆ ಒಬ್ಬ ನಟಿ, ಬಿಚ್ಚಿದ ಮೇಲೆ ಇನ್ನೊಬ್ಬಳು. ಎರಡನೆಯವಳ ಮಾತಿಗೆ ಮೊದಲನೆಯವಳ ದನಿ ಕೂಡಿಸಬೇಕೆಂದಿದ್ದರು. ಎರಡನೆಯವಳು ಸೆಟ್ಟಿನಲ್ಲಿ ಕೂತು ಕೇಳಿ ಕೇಳಿ ಅದೇ ದನಿ ಹಿಡಿದುಬಿಟ್ಟಿದ್ದಳು. ಡಬ್ಬಿಂಗ್ ಬೇಕಾಗಲಿಲ್ಲ.

ಈಗ ನನಗೆ ಎಲ್ಲಕ್ಕಿಂತ ಮುಖ್ಯ ಅನಿಸುವ ಕಂತು. 'ದಿ ಮಾನ್‌ಸ್ಟರ್ಸ್ ಆರ್ ಡ್ಯೂ ಆನ್ ಮೇಪಲ್ ಸ್ಟ್ರೀಟ್'. 1960ರ ಮಾರ್ಚ್ 4.

ಮೇಪಲ್ ಸ್ಟ್ರೀಟ್ ಅನ್ನುವ ಒಂದು ಓಣಿ. ಬೇಸಿಗೆಯ ಸಂಜೆ. ಐಸ್ ಕ್ರೀಂ ಗಾಡಿ, ಆಡುವ ಮಕ್ಕಳು. ತಲೆ ಮೇಲೆ ಏನೋ ಭೋರ್ ಅಂತ ಹೊಳೆದು ಹೋಗುತ್ತದೆ. ಕರೆಂಟು ಹೋಗುತ್ತದೆ. ಫೋನಿಲ್ಲ, ಕಾರು ಸ್ಟಾರ್ಟ್ ಆಗುವುದಿಲ್ಲ. ಒಬ್ಬ ಹುಡುಗ ತಾನು ಓದಿದ ಕಥೆ ಹೇಳುತ್ತಾನೆ. ಬೇರೆ ಗ್ರಹದವರು ಬರುವ ಮುಂಚೆ ಮನುಷ್ಯರ ಹಾಗೇ ಕಾಣುವ ಒಂದು ಸಂಸಾರವನ್ನು ಊರಿಗೆ ಕಳಿಸುತ್ತಾರಂತೆ. ದೊಡ್ಡವರು ನಗುತ್ತಾರೆ. ಅಷ್ಟರಲ್ಲಿ ಒಬ್ಬನ ಕಾರು ತಾನಾಗೇ ಸ್ಟಾರ್ಟ್ ಆಗುತ್ತದೆ. ನಗು ನಿಲ್ಲುತ್ತದೆ. ಹೌದಲ್ಲ, ಇವನು ರಾತ್ರಿ ಅಂಗಳದಲ್ಲಿ ನಿಂತು ಆಕಾಶ ನೋಡುತ್ತಿರುತ್ತಾನಲ್ಲ? ಅವನಿಗೆ ನಿದ್ದೆ ಬರುವುದಿಲ್ಲ, ಅಷ್ಟೆ. ಕೇಳುವವರು ಯಾರು? ಇನ್ನೊಬ್ಬ ಮನೆಯಲ್ಲಿ ರೇಡಿಯೊ ಸೆಟ್ ಕಟ್ಟುತ್ತಾನಂತೆ, ಯಾರ ಜೊತೆ ಮಾತಾಡುತ್ತಾನೆ? ಕತ್ತಲಲ್ಲಿ ಒಂದು ಆಕೃತಿ ನಡೆದು ಬರುತ್ತದೆ. ಒಬ್ಬ ಬಂದೂಕು ಕಸಿದು ಹೊಡೆದೇ ಬಿಡುತ್ತಾನೆ. ಹತ್ತಿರ ಹೋಗಿ ನೋಡಿದರೆ ಪಕ್ಕದ ಓಣಿಯಲ್ಲಿ ಕರೆಂಟು ಇದೆಯಾ ಅಂತ ನೋಡಿ ಬರಲು ಹೋಗಿದ್ದ ಇವರದೇ ಓಣಿಯವನು. ಅದೇ ಹೊತ್ತಿಗೆ ಹೊಡೆದವನ ಮನೆಯ ದೀಪ ಹತ್ತಿಕೊಳ್ಳುತ್ತದೆ. ಈಗ ಅನುಮಾನ ಅವನ ಮೇಲೆ. ಕಲ್ಲು, ಗಾಜು, ಚೀರಾಟ. ದೂರದ ಗುಡ್ಡದ ಮೇಲೆ ಇಬ್ಬರು ಅನ್ಯಗ್ರಹದವರು ಯಂತ್ರದ ಗುಂಡಿ ಒತ್ತುತ್ತ ಕೂತಿದ್ದಾರೆ. ಕರೆಂಟು ತೆಗೆದು ಮತ್ತೆ ಕೊಟ್ಟರೆ ಸಾಕು, ಉಳಿದದ್ದನ್ನು ಅವರೇ ಮಾಡಿಕೊಳ್ಳುತ್ತಾರೆ ಅಂತ ಒಬ್ಬ ಇನ್ನೊಬ್ಬನಿಗೆ ವಿವರಿಸುತ್ತಾನೆ.

ಇದನ್ನು ಬೀದರಿಗೆ ತಂದು ನೋಡಿ. 2018ರ ಜುಲೈ. ಹೈದರಾಬಾದಿನಿಂದ ಕಾರಿನಲ್ಲಿ ಬಂದ ಕೆಲವರು ದಾರಿಯಲ್ಲಿ ಸಿಕ್ಕ ಮಕ್ಕಳಿಗೆ ಚಾಕೊಲೇಟ್ ಕೊಟ್ಟರು. ಆಗ ಮಕ್ಕಳ ಕಳ್ಳರ ವಾಟ್ಸಾಪ್ ಸುದ್ದಿ ಎಲ್ಲ ಕಡೆ ಹಬ್ಬಿತ್ತು. ಇವರೇ ಅವರು ಅಂತ ಮೊಬೈಲಿನಲ್ಲಿ ಸಂದೇಶ ಓಡಿತು. ಮುರ್ಕಿ ಗ್ರಾಮದಲ್ಲಿ ರಸ್ತೆ ಅಡ್ಡಗಟ್ಟಿದರು. ಬಿಡಿಸಲು ಹೋದ ಪೊಲೀಸರಿಗೂ ಏಟು ಬಿತ್ತು. ಒಬ್ಬ ಸಾಫ್ಟ್‌ವೇರ್ ಎಂಜಿನಿಯರ್ ಸತ್ತ. ಮಕ್ಕಳಿಗೆ ಚಾಕೊಲೇಟ್ ಕೊಡುವುದು, ರಾತ್ರಿ ಆಕಾಶ ನೋಡುವುದು. ಎಷ್ಟು ಸಣ್ಣ ವಿಷಯ ಸಾಕಾಗುತ್ತದೆ ನೋಡಿ. ಸರ್ಲಿಂಗ್ ತನ್ನ ಕಾಲದ ಕಮ್ಯುನಿಸ್ಟ್ ಭೀತಿಯನ್ನು ಮನಸ್ಸಿನಲ್ಲಿಟ್ಟು ಬರೆದಿದ್ದ. ಅದು ನಮ್ಮ ಮೊಬೈಲಿಗೂ ಹೊಂದುತ್ತದೆ.

ಇಲ್ಲಿ ಒಬ್ಬ ವಿದ್ಯಾರ್ಥಿ ನಡುವೆಯೇ ಎದ್ದು ಕೇಳಿದ: 'ಸರ, ಮತ್ತ ಪ್ರಾಯೋಜಕರಿಗಿ ಇದು ತಿಳೀಲಿಲ್ಲೇನ್ರಿ?' ಒಳ್ಳೆಯ ಪ್ರಶ್ನೆ. ಅವರೇನು ದಡ್ಡರಲ್ಲ. ನನಗನಿಸುವುದು, ತಿಳಿದರೂ ಅವರಿಗೆ ತೊಂದರೆ ಇರಲಿಲ್ಲ. ಮೇಪಲ್ ಸ್ಟ್ರೀಟ್ ಎಂಬ ಊರಿಲ್ಲದ ಓಣಿಯ ಪರವಾಗಿ ಬಹಿಷ್ಕಾರ ಹಾಕಲು ಯಾರೂ ಬರುವುದಿಲ್ಲ. ಮಿಸಿಸಿಪಿ ಅಂದರೆ ಕಾಗದ ಬರುತ್ತವೆ, ಮಂಗಳ ಗ್ರಹ ಅಂದರೆ ಬರುವುದಿಲ್ಲ.

ಅದರ ಬೆಲೆಯೂ ಇದೆ, ಅದನ್ನು ಸರ್ಲಿಂಗ್ ಅಭಿಮಾನಿಗಳು ಹೇಳುವುದಿಲ್ಲ. ಮೇಪಲ್ ಸ್ಟ್ರೀಟ್ ನೋಡಿದ ಬಿಳಿಯನೊಬ್ಬ, ಮನುಷ್ಯರು ಎಷ್ಟು ಕೆಟ್ಟವರಪ್ಪಾ ಅಂತ ಲೊಚಗುಟ್ಟಿ ಮಲಗಬಹುದಿತ್ತು. ಎಮೆಟ್ ಟಿಲ್‌ನನ್ನು ಕೊಂದ ಊರಿನವರೂ ಆರಾಮಾಗಿ ನೋಡಬಹುದಿತ್ತು. ಆ ಹುಡುಗನ ಹೆಸರು ಈ ಯಾವ ನಾಟಕದಲ್ಲೂ ಬರಲಿಲ್ಲ. ಎಲ್ಲರ ಬಗ್ಗೆ ಹೇಳಿದ ಕಥೆಯಲ್ಲಿ ಕೊಂದವರಿಗೂ ಸತ್ತವರಿಗೂ ಒಂದೇ ಜಾಗ ಸಿಕ್ಕಿಬಿಡುತ್ತದೆ. ಮುರ್ಕಿಯ ಬಗ್ಗೆ ನಾಳೆ ನಿಮ್ಮಲ್ಲಿ ಯಾರಾದರೂ ಬರೆದರೆ ಅನ್ಯಗ್ರಹದವರನ್ನು ಕರೆತರುವ ಮುಂಚೆ ಇದನ್ನು ಯೋಚಿಸಿ. ಮುರ್ಕಿ ಅಂತಲೇ ಬರೆಯಲು ಆಗುವುದಾದರೆ ಮುರ್ಕಿ ಅಂತಲೇ ಬರೆಯಿರಿ.

ಸರಣಿ ಐದು ವರ್ಷ ನಡೆಯಿತು ಅಂದೆನಲ್ಲ, ನೆಮ್ಮದಿಯಿಂದ ನಡೆಯಲಿಲ್ಲ. ಎರಡನೇ ವರ್ಷ ಖರ್ಚು ಉಳಿಸಲು ಆರು ಕಂತುಗಳನ್ನು ಫಿಲ್ಮ್ ಬಿಟ್ಟು ವಿಡಿಯೊ ಟೇಪಿನಲ್ಲಿ ಮಾಡಿಸಿದರು, ನೋಡಿದ ಕೂಡಲೇ ಗೊತ್ತಾಗುತ್ತದೆ, ಚಪ್ಪೆ. ನಾಲ್ಕನೇ ವರ್ಷ ಅರ್ಧ ಗಂಟೆಯದನ್ನು ಒಂದು ಗಂಟೆ ಮಾಡು ಅಂದರು. ಅರ್ಧ ಗಂಟೆಯ ಕಥೆಯನ್ನು ಎಳೆದರೆ ಏನಾಗುತ್ತದೆ ಅಂತ ನಮ್ಮ ಧಾರಾವಾಹಿ ನೋಡಿದವರಿಗೆ ಹೇಳಬೇಕಿಲ್ಲ. ಸರ್ಲಿಂಗ್ ಸುಸ್ತಾಗಿದ್ದ. ಉಪದೇಶ ಜಾಸ್ತಿಯಾಯಿತು. 1964ರಲ್ಲಿ ಸರಣಿ ನಿಂತಿತು. ಆಮೇಲೆ ತನ್ನ ಪಾಲಿನ ಹಕ್ಕನ್ನು ಸಿಬಿಎಸ್‌ಗೇ ಮಾರಿದ. ಮುಂದೆ ಅದು ಮರುಪ್ರಸಾರ ಆದಾಗಲೆಲ್ಲ ದುಡ್ಡು ಚಾನೆಲ್‌ಗೆ. ಕೀಲಿಕೈ ಹೋಯಿತು.

ಮುಂದಿನ ಹನ್ನೊಂದು ವರ್ಷಗಳಲ್ಲಿ ಅವನು ಬರೆಯುವುದನ್ನೇನೂ ಬಿಡಲಿಲ್ಲ. ಒಂದು ಕೌಬಾಯ್ ಸರಣಿ ಮಾಡಿದ, ಹೊಡೆದಾಟ ಸಾಲದು ಅಂತ 26 ಕಂತಿಗೆ ನಿಲ್ಲಿಸಿದರು. 1968ರ 'ಪ್ಲಾನೆಟ್ ಆಫ್ ದಿ ಏಪ್ಸ್' ಸಿನಿಮಾದ ಚಿತ್ರಕಥೆಯಲ್ಲಿ ಅವನ ಹೆಸರಿದೆ. ಮೈಕೆಲ್ ವಿಲ್ಸನ್ ಅದನ್ನು ತಿದ್ದಿ ಬರೆದ, ಆದರೆ ಸಮುದ್ರದ ದಂಡೆಯ ಆ ಕೊನೆಯ ದೃಶ್ಯವನ್ನು ಸಾಮಾನ್ಯವಾಗಿ ಸರ್ಲಿಂಗ್ ಲೆಕ್ಕಕ್ಕೆ ಬರೆಯುತ್ತಾರೆ.

1966ರ ಒಂದು ಟಿವಿ ಸಿನಿಮಾ ಮಾತ್ರ ಅವನನ್ನು ಬಹಳ ಕಾಡಿತು. ವಿಮಾನದಲ್ಲಿ ಬಾಂಬು. ವಿಮಾನ ಒಂದು ಎತ್ತರಕ್ಕಿಂತ ಕೆಳಗಿಳಿದರೆ ಸಿಡಿಯುತ್ತದೆ, ದುಡ್ಡು ಕೊಡಿ ಅಂತ ಬೆದರಿಕೆ. ಪ್ರಸಾರವಾದ ಮೇಲೆ ನಿಜವಾದ ವಿಮಾನ ಕಂಪನಿಗಳಿಗೆ ಅದೇ ಥರದ ಬೆದರಿಕೆ ಕರೆಗಳು ಬರತೊಡಗಿದವು. 1971ರಲ್ಲಿ ಆಸ್ಟ್ರೇಲಿಯಾದ ಕ್ವಾಂಟಾಸ್ ಕಂಪನಿ ಇದೇ ಉಪಾಯಕ್ಕೆ ಹೆದರಿ 5 ಲಕ್ಷ ಡಾಲರ್ ಕೊಟ್ಟಿತು. ವಿಮಾನದಲ್ಲಿ ಬಾಂಬೇ ಇರಲಿಲ್ಲ. ಇದರ ಬದಲು ಕುದುರೆಗಾಡಿಯ ಕಥೆ ಬರೆದಿದ್ದರೆ ಚೆನ್ನಾಗಿತ್ತು ಅಂತ ಸರ್ಲಿಂಗ್ ಹಳಹಳಿಸಿದ. ಮಾತು ಕಿತ್ತುಹಾಕುವವರ ವಿರುದ್ಧ ಇಷ್ಟು ವರ್ಷ ಹೋರಾಡಿದವನಿಗೆ ಎಂಥ ಇಕ್ಕಟ್ಟು ನೋಡಿ.

1970ರಲ್ಲಿ ಎನ್‌ಬಿಸಿ ಚಾನೆಲ್‌ನಲ್ಲಿ 'ನೈಟ್ ಗ್ಯಾಲರಿ' ಎಂಬ ಸರಣಿ ಬಂತು. ಅದರ ಮೊದಲ ಪ್ರಯೋಗದಲ್ಲಿ ಒಂದು ಭಾಗವನ್ನು 22 ವರ್ಷದ ಹುಡುಗನೊಬ್ಬ ನಿರ್ದೇಶಿಸಿದ, ಹೆಸರು ಸ್ಟೀವನ್ ಸ್ಪೀಲ್‌ಬರ್ಗ್. ಸರ್ಲಿಂಗ್ ಮತ್ತೆ ಪರದೆ ಮೇಲೆ ಬಂದು ಕಥೆ ಪರಿಚಯಿಸಿದ. ಜನ ಇದು ಅವನದೇ ಅಂದುಕೊಂಡರು. ನಿರ್ಮಾಪಕ ಬೇರೆಯವನು. ಯಾವ ಕಥೆ ತೆಗೆದುಕೊಳ್ಳಬೇಕು, ಯಾರು ನಟಿಸಬೇಕು, ಯಾವುದರಲ್ಲೂ ಇವನ ಮಾತು ನಡೆಯಲಿಲ್ಲ. ಇವನ ಸ್ಕ್ರಿಪ್ಟುಗಳೇ ವಾಪಸ್ ಬಂದವು. ಅದೇ ಮುಖ, ಅದೇ ದನಿ, ಅದೇ ಬಗೆಯ ಕಥೆ. ನಿರ್ಮಾಪಕನ ಕುರ್ಚಿ ಮಾತ್ರ ಇಲ್ಲ. ಎರಡು ಸರಣಿಗಳನ್ನು ಪಕ್ಕಪಕ್ಕ ಇಟ್ಟು ನೋಡಿದರೆ ಆ ಕುರ್ಚಿಗೆ ಎಷ್ಟು ಬೆಲೆ ಅಂತ ತಿಳಿಯುತ್ತದೆ. ಈ ಕಾಲದಲ್ಲೇ ಅವನು ಬಿಯರು, ಮತ್ತೊಂದು ಅಂತ ಜಾಹೀರಾತುಗಳಿಗೂ ದನಿ ಕೊಟ್ಟ. ಬೈಯಬೇಡಿ, ಬರಹಗಾರರ ಮನೆಯಲ್ಲೂ ಒಲೆ ಉರಿಯಬೇಕು.

ಕೊನೆಯ ವರ್ಷಗಳಲ್ಲಿ ಇಥಾಕಾ ಕಾಲೇಜಿನಲ್ಲಿ ಪಾಠ ಮಾಡುತ್ತಿದ್ದ. ದಿನಕ್ಕೆ ಮೂರು ನಾಲ್ಕು ಪ್ಯಾಕು ಸಿಗರೇಟು. 1975ರ ಜೂನ್ 28ರಂದು, ಹೃದಯದ ಆಪರೇಷನ್ನಿನ ನಂತರ ತೀರಿಕೊಂಡ. ವಯಸ್ಸು 50.

ಎಲ್ಲಿಂದ ನೋಡಲು ಶುರು ಮಾಡಬೇಕು ಅಂತ ಹಲವರು ಕೇಳಿದಿರಿ. ಮೊದಲು ಮೇಪಲ್ ಸ್ಟ್ರೀಟ್ ನೋಡಿ. ಆಮೇಲೆ ಬ್ಯಾಂಡೇಜಿನ ಕಂತು, ಆದರೆ ನಾನು ಕೊನೆ ಹೇಳಿಬಿಟ್ಟೆ, ಹಾಗಾಗಿ ಜೊತೆಗೆ ನೋಡುವವರಿಗೆ ನೀವು ಹೇಳಬೇಡಿ. ಬಾಕ್ಸಿಂಗ್ ಮೇಲಿನ 'ದಿ ಬಿಗ್ ಟಾಲ್ ವಿಶ್' ಸಿಕ್ಕರೆ ಬಿಡಬೇಡಿ. 1960ರಲ್ಲಿ ಕಪ್ಪು ನಟರನ್ನೇ ಮುಖ್ಯ ಪಾತ್ರಗಳಲ್ಲಿ ಹಾಕಿ ಮಾಡಿದ ಕಂತು ಅದು, ಅವನೇ ತೆಗೆದುಕೊಂಡ ತೀರ್ಮಾನ. ನಾಲ್ಕನೇ ವರ್ಷದ್ದನ್ನು ಪುರುಸೊತ್ತಿದ್ದಾಗ ನೋಡಿದರೆ ಸಾಕು.